ವಿ4, ವಿ5, ವಿ10 ಕಾರುಗಳಲ್ಲಿ ಯಾಕೆ ಅಪರೂಪ? ನೀವೇ ಲೆಕ್ಕ ಹಾಕಿ ನೋಡುವ ಬಗೆ

ಸಿಲಿಂಡರ್‌ಗಳು ಎರಡು ಸಾಲಾಗಿ ವಿ ಅಕ್ಷರದ ಹಾಗೆ ವಾಲಿ ನಿಂತ ಎಂಜಿನ್‌ಗೆ ವಿ ಎಂಜಿನ್ ಅನ್ನುತ್ತಾರೆ, ಪಕ್ಕದ ಅಂಕಿ ಒಟ್ಟು ಸಿಲಿಂಡರ್‌ಗಳ ಸಂಖ್ಯೆ. ವಿ6 ಬೇಕಾದಷ್ಟು ಕಾರುಗಳಲ್ಲಿದೆ. ವಿ8 ಕೂಡ ಇದೆ. ತುಂಬಾ ದುಬಾರಿ ಕಾರುಗಳಲ್ಲಿ ವಿ12 ಸಿಗುತ್ತದೆ. ಹಾಗಾದರೆ ವಿ4 ಎಲ್ಲಿ ಹೋಯಿತು? ವಿ10 ಬಂದ ಹಾಗೆ ಬಂದು ಯಾಕೆ ಮರೆಯಾಯಿತು? ಯಾರನ್ನೇ ಕೇಳಿ, "ಅದು ಜಾಸ್ತಿ ನಡುಗುತ್ತೆ" ಅನ್ನುತ್ತಾರೆ. ಅದು ಅರ್ಧ ಮಾತ್ರ ನಿಜ. ನಡುಕಕ್ಕೆ ಮದ್ದಿದೆ, ನೂರು ವರ್ಷದಿಂದ ಇದೆ. ನನ್ನ ಪ್ರಕಾರ ಒಂದು ಲೇಔಟ್, ಅಂದರೆ ಸಿಲಿಂಡರ್‌ಗಳ ಜೋಡಣೆ, ಸೋಲುವುದು ಹೆಚ್ಚಾಗಿ ಅದರ ನೆರೆಯವನಿಂದ, ಅಂದರೆ ಅದೇ ಕೆಲಸವನ್ನು ಕಡಿಮೆ ಭಾಗಗಳಲ್ಲಿ ಮಾಡಿಬಿಡುವ ಪಕ್ಕದ ಎಂಜಿನ್‌ನಿಂದ. ಇದನ್ನು ನನ್ನ ಮಾತಿಗೇ ನಂಬಬೇಕಿಲ್ಲ. ಒಂದು ಹಾಳೆ, ಪೆನ್ಸಿಲ್, ಸ್ಕೇಲು, ಒಂದು ತುಂಡು ರಟ್ಟು ತೆಗೆದುಕೊಂಡು ಕೂತುಕೊಳ್ಳಿ.

ಮೊದಲು 720ನ್ನು ಸಿಲಿಂಡರ್‌ಗಳ ಸಂಖ್ಯೆಯಿಂದ ಭಾಗಿಸಿ. ನಾಲ್ಕು ಸ್ಟ್ರೋಕ್ ಎಂಜಿನ್‌ನಲ್ಲಿ ಕ್ರ್ಯಾಂಕ್‌ಶಾಫ್ಟ್ (ಪಿಸ್ಟನ್‌ಗಳು ತಿರುಗಿಸುವ ಮುಖ್ಯ ದಂಡ) ಎರಡು ಸುತ್ತು, ಅಂದರೆ 720 ಡಿಗ್ರಿ ತಿರುಗುವಷ್ಟರಲ್ಲಿ ಪ್ರತಿ ಸಿಲಿಂಡರ್ ಒಂದು ಸಲ ಉರಿಯುತ್ತದೆ. ಆ ಹೊಡೆತಗಳು ಸಮ ಅಂತರದಲ್ಲಿ ಬಂದರೆ ಎಂಜಿನ್ ಹದವಾಗಿ ಓಡುತ್ತದೆ. ವಿ8ಕ್ಕೆ 90 ಡಿಗ್ರಿ ಬರುತ್ತದೆ, ವಿ10ಕ್ಕೆ 72, ವಿ12ಕ್ಕೆ 60. ವಿ ಆಕಾರದಲ್ಲಿ ಎದುರುಬದುರಿನ ಎರಡು ಪಿಸ್ಟನ್‌ಗಳು ಒಂದೇ ಕ್ರ್ಯಾಂಕ್ ಪಿನ್, ಅಂದರೆ ಪಿಸ್ಟನ್‌ನ ರಾಡ್ ಕ್ರ್ಯಾಂಕ್‌ಗೆ ಸೇರುವ ಕೀಲು, ಹಂಚಿಕೊಳ್ಳುತ್ತವೆ ಅಂದುಕೊಳ್ಳಿ. ಆಗ ವಿ ಎಷ್ಟು ಅಗಲ ತೆರೆದಿರಬೇಕು ಅಂತ ಹೇಳುವುದೂ ಇದೇ ಸಂಖ್ಯೆ. 90 ಡಿಗ್ರಿ ವಿ8 ಮತ್ತು 60 ಡಿಗ್ರಿ ವಿ12 ಅಷ್ಟೊಂದು ಕಾಣಲು ಇದು ದೊಡ್ಡ ಕಾರಣ.

ಈಗ ವಿ6 ಹಾಕಿ ನೋಡಿ. 720 ಭಾಗಿಸು 6 ಅಂದರೆ 120. ಅಷ್ಟು ಅಗಲದ ಎಂಜಿನ್ ಸಾಮಾನ್ಯ ಕಾರಿನ ಮುಂಭಾಗದಲ್ಲಿ ಕೂರುವುದೇ ಕಷ್ಟ. ವಿ ಕಿರಿದಾಗಬೇಕಾದರೆ ಜೋಡಿ ಪಿಸ್ಟನ್‌ಗಳಿಗೆ ಒಂದೇ ಪಿನ್ ಬಿಟ್ಟು ಬೇರೆ ಬೇರೆ ಪಿನ್ ಕೊಡಬೇಕು. ಇಲ್ಲಿ ಒಂದು ಸುಲಭ ಸೂತ್ರ ನೆನಪಿಟ್ಟುಕೊಳ್ಳಿ: ವಿ ಕೋನಕ್ಕೆ ಪಿನ್‌ಗಳ ನಡುವಿನ ಅಂತರ ಕೂಡಿಸಿದರೆ 120 ಬರಬೇಕು. 60 ಡಿಗ್ರಿ ವಿ ಆದರೆ ಪಿನ್‌ಗಳನ್ನು 60 ಡಿಗ್ರಿ ಸರಿಸಬೇಕು, 90 ಡಿಗ್ರಿ ಆದರೆ 30. ಸರಿಸದಿದ್ದರೆ ಏನಾಗುತ್ತದೆ ಅನ್ನುವುದಕ್ಕೆ ಬ್ಯುಯಿಕ್ ವಿ6 ಒಳ್ಳೆಯ ಪಾಠ. 1962ರ ಮಾದರಿಗೆ ಬ್ಯುಯಿಕ್ ತನ್ನ 90 ಡಿಗ್ರಿ ವಿ8ರ ವಿನ್ಯಾಸದಿಂದಲೇ ಒಂದು ವಿ6 ಮಾಡಿತು, ಪಿನ್‌ಗಳನ್ನು ಹಂಚಿಕೊಂಡಂತೆಯೇ ಬಿಟ್ಟಿತು. ಹೊಡೆತಗಳು 90, 150, 90, 150 ಅಂತ ಕುಂಟುತ್ತಾ ಬಂದವು. ನೀವೇ ಟೇಬಲ್ ಮೇಲೆ ಆ ಲಯದಲ್ಲಿ ಬೆರಳು ಬಡಿದು ನೋಡಿ, ಆರಾಮಾಗಿ ನಿಂತ ಕಾರಿನಲ್ಲಿ ಆ ಎಂಜಿನ್ ಹೇಗಿದ್ದಿರಬಹುದು ಅಂತ ಗೊತ್ತಾಗುತ್ತದೆ. 1977ರಲ್ಲಿ ಪಿನ್‌ಗಳನ್ನು 30 ಡಿಗ್ರಿ ಸೀಳಿದರು, ಲಯ ಸರಿಹೋಯಿತು. ಆಮೇಲೆ ಅದೇ ಕುಟುಂಬದ ಎಂಜಿನ್ ದಶಕಗಳ ಕಾಲ ಓಡಿತು. ಅಂದರೆ ಕೋನ ತಪ್ಪಿದ್ದಕ್ಕೇ ಒಂದು ಲೇಔಟ್ ಸಾಯಬೇಕಿಲ್ಲ.

ವಿ10ಕ್ಕೂ ಇದನ್ನೇ ಮಾಡಿ. 72 ಡಿಗ್ರಿ ಬೇಕು. ಲೆಕ್ಸಸ್ ಎಲ್‌ಎಫ್‌ಎ ಸರಿಯಾಗಿ 72 ಇಟ್ಟುಕೊಂಡಿತು. ಡಾಡ್ಜ್ ವೈಪರ್ 90 ಇಟ್ಟುಕೊಂಡು ಪಿನ್ ಹಂಚಿಕೊಂಡಿತು, ಹಾಗಾಗಿ ಅದರ ಹೊಡೆತಗಳು 90, 54, 90, 54 ಅಂತ ಬೀಳುತ್ತವೆ. ಆ ಒರಟು ದನಿಗೆ ಇದೂ ಒಂದು ಕಾರಣ.

ಎರಡನೇ ಹಂತ ನನಗೆ ಎಲ್ಲಕ್ಕಿಂತ ಇಷ್ಟ. ವಿ ಎಂಜಿನ್ ಅನ್ನು ಮಧ್ಯಕ್ಕೆ ಸೀಳಿ, ಒಂದೊಂದು ಸಾಲನ್ನೂ ಬಿಡಿ ಎಂಜಿನ್ ಎಂದು ನೋಡಿ. ಆರರ ಸಾಲು, ಅಂದರೆ ಒಂದೇ ಸಾಲಿನಲ್ಲಿ ಆರು ಸಿಲಿಂಡರ್ ಇರುವ ಎಂಜಿನ್, ತನ್ನಷ್ಟಕ್ಕೆ ತಾನೇ ಪೂರ್ತಿ ಸಮತೋಲದಲ್ಲಿರುತ್ತದೆ. ವಿ12 ಅಂದರೆ ಅಂಥ ಎರಡು ಸಾಲು, ಆದ್ದರಿಂದಲೇ ಅದಕ್ಕೆ ಅಷ್ಟು ಹೆಸರು. ಮೂರು ಮತ್ತು ಐದರ ಸಾಲುಗಳು ಏತದ ಮರದ ಹಾಗೆ, ಒಂದು ತುದಿ ಏಳುವಾಗ ಇನ್ನೊಂದು ತುದಿ ಬೀಳುತ್ತದೆ. ನಾಲ್ಕರ ಸಾಲು ಹಾಗೆ ತೂಗುವುದಿಲ್ಲ, ಆದರೆ ಪ್ರತಿ ಸುತ್ತಿಗೆ ಎರಡು ಸಲ ಮೇಲಕ್ಕೂ ಕೆಳಕ್ಕೂ ಜಗ್ಗುತ್ತದೆ. ಇದನ್ನೇ ಸೆಕೆಂಡರಿ ಕಂಪನ ಅನ್ನುವುದು.

ಎರಡು ಪಿಸ್ಟನ್ ಮೇಲೆ ಹೋಗುವಾಗ ಎರಡು ಕೆಳಗೆ ಬರುತ್ತವೆ, ಸರಿಹೋಗಬೇಕಲ್ವಾ? ರಟ್ಟು ಬೇಕಾಗುವುದು ಇಲ್ಲೇ. ಹಾಳೆಯ ಕೆಳಭಾಗದಲ್ಲಿ 43 ಮಿಲಿಮೀಟರ್ ತ್ರಿಜ್ಯದ ವೃತ್ತ ಬರೆಯಿರಿ, ಇದು ಕ್ರ್ಯಾಂಕ್. ಕೇಂದ್ರದಿಂದ ನೇರ ಮೇಲಕ್ಕೆ ಒಂದು ಗೆರೆ ಎಳೆಯಿರಿ, ಇದು ಸಿಲಿಂಡರ್. ರಟ್ಟಿನಲ್ಲಿ 143 ಮಿಲಿಮೀಟರ್ ಉದ್ದದ ಪಟ್ಟಿ ಕತ್ತರಿಸಿ, ಇದು ಪಿಸ್ಟನ್ನನ್ನು ಕ್ರ್ಯಾಂಕ್‌ಗೆ ಸೇರಿಸುವ ಕನೆಕ್ಟಿಂಗ್ ರಾಡ್. ಪಟ್ಟಿಯ ಕೆಳತುದಿ ವೃತ್ತದ ಮೇಲೆ, ಮೇಲ್ತುದಿ ಗೆರೆಯ ಮೇಲೆ. ಕೆಳತುದಿಯನ್ನು ವೃತ್ತದ ನೆತ್ತಿಯಲ್ಲಿಟ್ಟಾಗ ಮೇಲ್ತುದಿ ಎಲ್ಲಿದೆ ಅಂತ ಗುರುತು ಹಾಕಿ. ಈಗ ಕಾಲು ಸುತ್ತು ತಿರುಗಿಸಿ ಇನ್ನೊಂದು ಗುರುತು ಹಾಕಿ. ನಡುವೆ ಸುಮಾರು 49.6 ಮಿಲಿಮೀಟರ್ ಬರುತ್ತದೆ. ಮುಂದಿನ ಕಾಲು ಸುತ್ತಿಗೆ ಬರುವುದು 36.4 ಮಾತ್ರ. ಒಟ್ಟು 86, ಆದರೆ ಎರಡು ಭಾಗವೂ ಸಮ ಇಲ್ಲ! ರಾಡ್ ಪಕ್ಕಕ್ಕೆ ವಾಲುವುದರಿಂದ ಪಿಸ್ಟನ್ ಮೇಲಿನ ಅರ್ಧದಲ್ಲಿ ಬೇಗ ಓಡುತ್ತದೆ, ಕೆಳಗಿನ ಅರ್ಧದಲ್ಲಿ ನಿಧಾನ. ಆದ್ದರಿಂದ ಇಳಿಯುವ ಜೋಡಿ ಏರುವ ಜೋಡಿಯನ್ನು ಪೂರ್ತಿ ಸರಿದೂಗಿಸುವುದಿಲ್ಲ. ಪುಸ್ತಕದಲ್ಲಿ ಎಷ್ಟು ಸಲ ಓದಿದರೂ ನನಗೆ ತಲೆಗೆ ಹತ್ತಿರಲಿಲ್ಲ, ಹೀಗೆ ಸ್ಕೇಲು ಹಿಡಿದು ಅಳೆದ ದಿನ ಹತ್ತಿತು.

ವಿ8ರಲ್ಲಿ ಎರಡು ದಾರಿ ಇವೆ. ಫ್ಲಾಟ್ ಪ್ಲೇನ್ ಕ್ರ್ಯಾಂಕ್ ಅಂದರೆ ನಾಲ್ಕರ ಎರಡು ಸಾಲು ಹಾಗೇ ಜೋಡಿಸಿದ್ದು. ಕ್ರ್ಯಾಂಕ್ ಹಗುರ, ಆದರೆ ಈ ಜಗ್ಗಾಟ ಉಳಿಯುತ್ತದೆ. ಕ್ರಾಸ್ ಪ್ಲೇನ್‌ನಲ್ಲಿ ಪಿನ್‌ಗಳನ್ನು 90 ಡಿಗ್ರಿಗೊಂದರಂತೆ ಇಟ್ಟು, ಕ್ರ್ಯಾಂಕ್‌ಗೇ ಭಾರವಾದ ತೂಕಗಳನ್ನು ಸೇರಿಸಿ ಎರಡು ಬಗೆಯ ನಡುಕವನ್ನೂ ಅಡಗಿಸುತ್ತಾರೆ. ದಿನಬಳಕೆಯ ವಿ8 ಕಾರುಗಳಲ್ಲಿ ಇರುವುದು ಬಹುಪಾಲು ಇದೇ.

ಮೂರನೇ ಹಂತ ಸುಮ್ನೆ ಎಣಿಕೆ, ಆದರೆ ಹೆಚ್ಚು ಲೇಔಟ್‌ಗಳು ಬೀಳುವುದು ಇಲ್ಲೇ. ವಿ4 ಮತ್ತು ನಾಲ್ಕರ ಸಾಲನ್ನು ಅಕ್ಕಪಕ್ಕ ಬರೆಯಿರಿ. ಸಾಲಿಗೆ ಒಂದು ಹೆಡ್ (ಸಿಲಿಂಡರ್‌ಗಳ ಮೇಲಿನ ಮುಚ್ಚಳ), ಒಂದು ಗ್ಯಾಸ್ಕೆಟ್, ಎರಡು ಕ್ಯಾಮ್‌ಶಾಫ್ಟ್ (ವಾಲ್ವ್ ತೆರೆಯುವ ದಂಡ), ಒಂದು ಎಕ್ಸಾಸ್ಟ್ ಮ್ಯಾನಿಫೋಲ್ಡ್ (ಹೊಗೆ ಹೊರಹೋಗುವ ಕೊಳವೆಗಳು). ವಿ4ಕ್ಕೆ ಎಲ್ಲವೂ ಎರಡರಷ್ಟು. ಇಷ್ಟು ಕೊಟ್ಟು ಸಿಗುವುದೇನು? ಎಂಜಿನ್ ಸ್ವಲ್ಪ ಗಿಡ್ಡವಾಗುತ್ತದೆ. ನಾಲ್ಕರ ಸಾಲು ಮೊದಲೇ ಕಾರಿನಲ್ಲಿ ಅಡ್ಡಡ್ಡ ಹಿಡಿಸುತ್ತದೆ, ಆ ಗಿಡ್ಡತನ ಯಾರಿಗೆ ಬೇಕು? 1922ರಲ್ಲಿ ಬಂದ ಲಾನ್ಸಿಯಾ ಲ್ಯಾಂಬ್ಡಾ ಕೋನವನ್ನೇ ತುಂಬಾ ಕಿರಿದು ಮಾಡಿ ಎರಡು ಸಾಲಿಗೂ ಒಂದೇ ಹೆಡ್ ಹಾಕಿ ಈ ಖರ್ಚು ತಪ್ಪಿಸಿಕೊಂಡಿತು, ಬಹಳ ಜಾಣ ಕೆಲಸ. 1962ರ ಫೋರ್ಡ್ ಟೌನಸ್‌ನ 60 ಡಿಗ್ರಿ ವಿ4ಕ್ಕೆ ನಡುಕ ತಡೆಯಲು ಬ್ಯಾಲೆನ್ಸ್ ಶಾಫ್ಟ್, ಅಂದರೆ ಎದುರು ತೂಕ ಹೊತ್ತು ತಿರುಗುವ ಹೆಚ್ಚುವರಿ ದಂಡ, ಬೇಕಾಯಿತು. ಮುಂದೆ ಸಾಬ್ 96 ಕೂಡ ಇದನ್ನೇ ಬಳಸಿತು. ಆದರೆ ಬೈಕಿನಲ್ಲಿ ಲೆಕ್ಕವೇ ಬೇರೆ, ಸವಾರನ ಮೊಣಕಾಲುಗಳ ನಡುವೆ ಉಳಿಯುವ ಒಂದೊಂದು ಸೆಂಟಿಮೀಟರ್‌ಗೂ ಅಲ್ಲಿ ಬೆಲೆ ಇದೆ, ಅದಕ್ಕೇ ವಿ4 ಅಲ್ಲಿ ಬಾಳುತ್ತದೆ. ಖರ್ಚಿನ ಚಿಂತೆ ಇಲ್ಲದ ರೇಸಿನಲ್ಲೂ ಅಷ್ಟೇ: 2015ರಿಂದ 2017ರವರೆಗೆ ಮೂರು ಸಲ ಲೆ ಮಾನ್ಸ್ ಗೆದ್ದ ಪೋರ್ಷೆ 919 ಹೈಬ್ರಿಡ್‌ನಲ್ಲಿದ್ದದ್ದು 2 ಲೀಟರ್ ವಿ4.

ವಿ5ರದ್ದು ಚಿಕ್ಕ ಕಥೆ. ಫೋಕ್ಸ್‌ವ್ಯಾಗನ್ ತನ್ನ 15 ಡಿಗ್ರಿ ವಿಆರ್6ರಿಂದ ಒಂದು ಸಿಲಿಂಡರ್ ತೆಗೆದು 1997ರಲ್ಲಿ 2.3 ಲೀಟರ್‌ನ ವಿಆರ್5 ತಂದಿತು. ಒಂದು ಕಡೆ ಮೂರು, ಇನ್ನೊಂದು ಕಡೆ ಎರಡು. ಕೋನ ಕಿರಿದು, ಹೆಡ್ ಒಂದೇ, ಹಾಗಾಗಿ ಅದು ಸಾಧ್ಯವಾಯಿತು. ಅಗಲ ಕೋನದಲ್ಲಿ ಇದನ್ನೇ ಮಾಡುವುದಾದರೆ ಎರಡು ಬೇರೆ ಬೇರೆ ಅಳತೆಯ ಹೆಡ್ ಮಾಡಬೇಕು. ಅಷ್ಟಕ್ಕೆ ಆರನೇ ಸಿಲಿಂಡರ್ ಸೇರಿಸಿಬಿಡುವುದೇ ಸುಲಭ.

ನಾಲ್ಕನೇ ಹಂತಕ್ಕೆ ಬಾನೆಟ್ ಎತ್ತಿ, ಜಾಗ ನೋಡಿ. ಅಡ್ಡ ಕೂರಿಸಿದ ಒಂದು ವಿ6ರ ಸ್ಪಾರ್ಕ್ ಪ್ಲಗ್ ಬದಲಿಸಲು ನಾನೊಮ್ಮೆ ಕೂತಿದ್ದೆ. ಮುಂದಿನ ಮೂರು ಪ್ಲಗ್ ಹತ್ತೇ ನಿಮಿಷ. ಹಿಂದಿನ ಮೂರು ಫೈರ್‌ವಾಲ್‌ಗೆ (ಎಂಜಿನ್ ಮತ್ತು ಕೂರುವ ಜಾಗದ ನಡುವಿನ ಗೋಡೆ) ಅಂಟಿಕೊಂಡಿದ್ದವು, ಗಾಳಿ ಒಳತರುವ ಇಂಟೇಕ್ ಮ್ಯಾನಿಫೋಲ್ಡ್ ಪೂರ್ತಿ ಬಿಚ್ಚದೆ ಕೈಯೇ ಹೋಗಲಿಲ್ಲ, ಇಡೀ ಮಧ್ಯಾಹ್ನ ಅದಕ್ಕೇ ಹೋಯಿತು. ವಿ ಅಗಲವಾದಷ್ಟೂ ಈ ಪಾಡು ಜಾಸ್ತಿ. 120 ಡಿಗ್ರಿ ವಿ6 ಈಗ ಕಾಣಿಸುವುದು ಫೆರಾರಿ 296 ಜಿಟಿಬಿ, ಮೆಕ್‌ಲಾರೆನ್ ಆರ್ಟುರಾದಂಥ, ಎಂಜಿನ್ ಸೀಟಿನ ಹಿಂದೆ ಇರುವ ಕಾರುಗಳಲ್ಲಿ. ಅಲ್ಲಿ ಅಗಲಕ್ಕೆ ಜಾಗವಿದೆ, ಆ ವಿ ನಡುವೆ ಟರ್ಬೊಗಳೂ (ಎಕ್ಸಾಸ್ಟ್ ಬಲದಿಂದ ಎಂಜಿನ್‌ಗೆ ಹೆಚ್ಚು ಗಾಳಿ ತುಂಬುವ ಸಾಧನ) ಕೂರುತ್ತವೆ. ಉದ್ದದ ಕಷ್ಟ ವಿ16ಕ್ಕೆ, ಅದು ಎಂಟು ಸಿಲಿಂಡರ್‌ಗಳಷ್ಟು ಉದ್ದ. 1930ರ ಕ್ಯಾಡಿಲಾಕ್‌ನ ಮೂತಿ ಅಷ್ಟು ನೀಳವಾಗಿತ್ತು, ಹಿಡಿಸಿತು. ಬುಗಾಟಿ ವೇರಾನ್ ಎಂಟೆಂಟರ ಎರಡು ಕಿರುಕೋನದ ಗುಂಪುಗಳನ್ನು ಸೇರಿಸಿ ಡಬ್ಲ್ಯೂ16 ಮಾಡಿ ಉದ್ದ ಕಡಿಮೆ ಮಾಡಿಕೊಂಡಿತು.

ಕೊನೆಗೆ ನೆರೆಯವನನ್ನು ಹುಡುಕಿ. ವಿ14ನ್ನೇ ತೆಗೆದುಕೊಳ್ಳಿ. ಹಡಗುಗಳಲ್ಲಿ, ವಿದ್ಯುತ್ ಸ್ಥಾವರಗಳಲ್ಲಿ 14 ಸಿಲಿಂಡರ್‌ನ ವಿ ಎಂಜಿನ್‌ಗಳಿವೆ. ಅಲ್ಲಿ ಸಿಲಿಂಡರ್ ಅಳತೆ ಒಂದೇ ಇಟ್ಟುಕೊಂಡು, ಬೇಕಾದ ಶಕ್ತಿಗೆ ತಕ್ಕಂತೆ ಎರಡೆರಡು ಸೇರಿಸುತ್ತಾ ಹೋಗುತ್ತಾರೆ. ಕಾರಿಗೆ ಸ್ವಲ್ಪ ಹೆಚ್ಚು ಶಕ್ತಿ ಬೇಕಾದರೆ ವಿ12ರ ಸಿಲಿಂಡರನ್ನೇ ತುಸು ದೊಡ್ಡದು ಮಾಡಬಹುದು, ಇಲ್ಲವೇ ಟರ್ಬೊ ಹಾಕಬಹುದು. ವಿ10ನ್ನು ಮುಗಿಸಿದ್ದೂ ಟರ್ಬೊ ಹಾಕಿದ ವಿ8. ಬಿಎಂಡಬ್ಲ್ಯೂ ಎಂ5ರಲ್ಲಿದ್ದ 5 ಲೀಟರ್ ವಿ10ರ ಜಾಗಕ್ಕೆ 2011ರಲ್ಲಿ ಎರಡು ಟರ್ಬೊದ 4.4 ಲೀಟರ್ ವಿ8 ಬಂತು. ಫಾರ್ಮುಲಾ ಒನ್‌ನಲ್ಲಿ ನಿಯಮವೇ ಬದಲಾಗಿ 2006ರಿಂದ ವಿ10 ಹೋಗಿ 2.4 ಲೀಟರ್ ವಿ8 ಬಂದಿತ್ತು. ಆ ವಿ10 ದನಿ ಕೇಳಿದವರಿಗೆ ಅದು ಎಂಥ ನಷ್ಟ ಅಂತ ಗೊತ್ತು.

ಈ ಹಂತಗಳನ್ನು ಈಗ ವಿ6 ಮೇಲೂ ಹಾಕಿ ನೋಡಿ. ಅದು ಗೆದ್ದದ್ದು ಗಿಡ್ಡವಾಗಿದೆ, ಅಡ್ಡ ಕೂರುತ್ತದೆ ಅನ್ನುವ ಕಾರಣಕ್ಕೆ. ಆದರೆ ಟರ್ಬೊ ಬಂದ ಮೇಲೆ ಒಂದೇ ಪಕ್ಕದಲ್ಲಿ ಎಕ್ಸಾಸ್ಟ್ ಇರುವ ಆರರ ಸಾಲು ಮತ್ತೆ ಅನುಕೂಲವಾಗಿ ಕಂಡಿತು. 2017ರಲ್ಲಿ ಮರ್ಸಿಡಿಸ್ ಮುಂದಿನ ಬೆಲ್ಟನ್ನೇ ತೆಗೆದು, ಉದ್ದ ಕಡಿಮೆ ಮಾಡಿ, ಆರರ ಸಾಲಿಗೆ ಮರಳಿತು. ಹೆಡ್ ಒಂದು, ಬ್ಯಾಲೆನ್ಸ್ ಶಾಫ್ಟ್ ಬೇಕಿಲ್ಲ. ವಿ4ಕ್ಕೆ ಆಗಿದ್ದು ದೊಡ್ಡ ಕಾರುಗಳ ವಿ6ಕ್ಕೂ ಈಗ ಶುರುವಾಗಿದೆ.