ದ್ವೀಪಕ್ಕೆ ಹೋಗೋರು ಮೊದಲು ಮಳೆಗಾಲ ನೋಡಿ

ದಸರಾ ರಜೆಗೆ ಅಂಡಮಾನ್ ಬುಕ್ ಮಾಡಬಹುದಾ ಅಂತ ಗುಂಪಿನಲ್ಲಿ ತುಂಬಾ ಜನ ಕೇಳುತ್ತಿದ್ದೀರಿ. ದಯವಿಟ್ಟು ಬೇಡ. ನಮ್ಮ ಬೆಂಗಳೂರಿನಲ್ಲಿ ಮುಂಗಾರು ಮುಗಿಯುತ್ತಾ ಬಂತು ಅಂದರೆ ಅಲ್ಲೂ ಮುಗಿಯಿತು ಅಂತಲ್ಲ. ಅಂಡಮಾನ್‌ಗೆ ಮುಂಗಾರು ಮೇ ತಿಂಗಳಲ್ಲೇ ಬರುತ್ತದೆ, ಆಮೇಲೆ ಹಿಂಗಾರು ಮಳೆಯೂ ಇದೆ. ಕಡಲು ಕೆರಳಿದರೆ ಹ್ಯಾವ್‌ಲಾಕ್, ನೀಲ್ ದ್ವೀಪಗಳ ದೋಣಿಗಳೇ ರದ್ದಾಗುತ್ತವೆ. ಮಕ್ಕಳನ್ನು ಕಟ್ಟಿಕೊಂಡು ರೂಮಿನಲ್ಲೇ ಕೂರಬೇಕಾಗುತ್ತದೆ, ಅಲ್ವಾ?

ಅಲ್ಲಿಗೆ ಜನವರಿಯಿಂದ ಏಪ್ರಿಲ್ ಒಳ್ಳೆಯದು. ನನ್ನ ಆಯ್ಕೆ ಫೆಬ್ರವರಿ. ಕ್ರಿಸ್‌ಮಸ್ ರಜೆಯ ನೂಕುನುಗ್ಗಲು ಇರಲ್ಲ, ಸೆಕೆಯೂ ಜಾಸ್ತಿ ಆಗಿರಲ್ಲ. ಒಂದು ವಿಷಯ ನೆನಪಿಡಿ, ನಮಗಿಂತ ತುಂಬಾ ಪೂರ್ವಕ್ಕಿರೋದರಿಂದ ಅಲ್ಲಿ ಬೇಗ ಕತ್ತಲಾಗುತ್ತದೆ. ಜನವರಿಯಲ್ಲಿ ಸಂಜೆ 5 ಗಂಟೆ ದಾಟುತ್ತಿದ್ದಂತೆ ಸೂರ್ಯ ಮುಳುಗುತ್ತಾನೆ. ಬೀಚ್‌ಗೆ ಬೆಳಗ್ಗೆಯೇ ಹೊರಡಿ.

ಮಾಲ್ಡೀವ್ಸ್‌ಗೂ ಹೆಚ್ಚುಕಮ್ಮಿ ಇದೇ ಲೆಕ್ಕ, ಜನವರಿಯಿಂದ ಏಪ್ರಿಲ್.

ದಸರಾ ರಜೆ ಬಿಟ್ಟರೆ ಬೇರೆ ದಾರಿಯೇ ಇಲ್ಲ ಅನ್ನೋರು ಬಾಲಿ ನೋಡಿ. ಅದು ಭೂಮಧ್ಯರೇಖೆಯ ದಕ್ಷಿಣಕ್ಕಿದೆ, ಹಾಗಾಗಿ ಏಪ್ರಿಲ್‌ನಿಂದ ಅಕ್ಟೋಬರ್‌ವರೆಗೆ ಒಣಹವೆ. ಬೇಸಿಗೆ ರಜೆಗೂ ಸರಿಹೊಂದುತ್ತದೆ. ಮಾರ್ಚ್ ಆಸುಪಾಸು ಹೋಗೋದಾದರೆ ಮಾತ್ರ ನ್ಯೇಪಿ ಹಬ್ಬದ (ಬಾಲಿಯವರ ಮೌನದ ದಿನ) ದಿನಾಂಕ ನೋಡಿಕೊಳ್ಳಿ. ಆ ದಿನ ಅಲ್ಲಿನ ವಿಮಾನ ನಿಲ್ದಾಣವನ್ನೇ 24 ಗಂಟೆ ಮುಚ್ಚುತ್ತಾರೆ.

ಶ್ರೀಲಂಕಾದ ದಕ್ಷಿಣ ಕರಾವಳಿಗೆ ಡಿಸೆಂಬರ್‌ನಿಂದ ಮಾರ್ಚ್, ಈಶಾನ್ಯ ಕರಾವಳಿಯ ಟ್ರಿಂಕೋಮಲಿ ಕಡೆಗೆ ಮೇಯಿಂದ ಸೆಪ್ಟೆಂಬರ್. ಲಕ್ಷದ್ವೀಪಕ್ಕೆ ಪರ್ಮಿಟ್ ಬೇಕೇಬೇಕು, ಅದಕ್ಕೆ ಮೊದಲೇ ಅರ್ಜಿ ಹಾಕಿ.