ಗೇಮ್ ಅಳಿಸುವ ಮುನ್ನ ಸೇವ್ ಎಲ್ಲಿದೆ ನೋಡಿ: ಪಿಸಿ, ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್, ಸ್ವಿಚ್‌ನಲ್ಲಿ ಜಾಗ ಮಾಡಿಕೊಳ್ಳುವ ಬಗೆ

512 ಜಿಬಿ ಎಂದು ಕೊಂಡ ಲ್ಯಾಪ್‌ಟಾಪಿನಲ್ಲಿ ವಿಂಡೋಸ್ ತೋರಿಸುವುದು 476 ಜಿಬಿ. ಅಂಗಡಿಯವನು ಮೋಸ ಮಾಡಿಲ್ಲ. ಡಿಸ್ಕ್ ಮಾಡುವವರದು ಸಾವಿರದ ಲೆಕ್ಕ, ವಿಂಡೋಸ್‌ನದು 1024ರ ಲೆಕ್ಕ. ಅದರಲ್ಲಿ ವಿಂಡೋಸ್, ಆಫೀಸ್, ಮನೆಮಂದಿಯ ಫೋಟೋ, ಹೋಟೆಲಿನ ಟ್ಯಾಲಿ ಎಲ್ಲ ಕೂತ ಮೇಲೆ ಗೇಮಿಗೆ ಉಳಿಯುವುದು ಮುನ್ನೂರು ಚಿಲ್ಲರೆ. ರೆಡ್ ಡೆಡ್ ರಿಡೆಂಪ್ಷನ್ 2 ಒಂದೇ 150 ಜಿಬಿ ಕೇಳುತ್ತದೆ, ಬಾಲ್ಡರ್ಸ್ ಗೇಟ್ 3ಕ್ಕೂ 150, ಕೌಂಟರ್-ಸ್ಟ್ರೈಕ್ 2ಕ್ಕೆ 85. ಮೂರೂ ಸೇರಿದರೆ 385. ಡೊಂಬಿವಲಿ, ಠಾಣೆ, ಪಿಂಪ್ರಿಯ ನಮ್ಮವರ ಎಷ್ಟೋ ಮನೆಗಳಲ್ಲಿ ಕಂಪ್ಯೂಟರ್ ಒಂದೇ: ಹಗಲು ಅಪ್ಪನ ಹೋಟೆಲ್ ಲೆಕ್ಕ, ರಾತ್ರಿ ಮಗನ ಆಟ. ಜಾಗ ತುಂಬಿ ಲೆಕ್ಕದ ಫೈಲ್ ಬ್ಯಾಕಪ್ ಆಗದೇ ಹೋದ ದಿನ ಗೇಮಿನ ಮೇಲೆ ಕಣ್ಣು ಬೀಳುತ್ತದೆ. ಆ ಸಿಟ್ಟಿನಲ್ಲಿ ಅಳಿಸಬೇಡಿ. ಗೇಮನ್ನು ಮತ್ತೆ ಇಳಿಸಿಕೊಳ್ಳಬಹುದು, ಎಂಬತ್ತು ಗಂಟೆ ಆಡಿದ್ದನ್ನು ನೆನಪಿಟ್ಟ ಸೇವ್ ಫೈಲ್ ಮಾತ್ರ, ಬೇರೆಡೆ ನಕಲಿಲ್ಲದಿದ್ದರೆ, ಎಲ್ಲಿಂದಲೂ ಇಳಿಯುವುದಿಲ್ಲ.

ಡೆಸ್ಕ್‌ಟಾಪಿನ ಐಕಾನ್ ಎಳೆದು ರಿಸೈಕಲ್ ಬಿನ್ನಿಗೆ ಹಾಕಿ ಗೇಮ್ ಹೋಯಿತೆಂದು ತಿಳಿಯುವವರು ಇನ್ನೂ ಇದ್ದಾರೆ. ಆ ಐಕಾನ್ ಬರೀ ಬಾಗಿಲ ಬೋರ್ಡು, ಅದರ ತೂಕ ಎರಡು ಮೂರು ಕೆಬಿ. ಒಳಗಿನ 150 ಜಿಬಿ ಇದ್ದಲ್ಲೇ ಇರುತ್ತದೆ.

ಮತ್ತೆ ತರಲು ಎಷ್ಟು ಹೊತ್ತು?

ಯಾವುದನ್ನು ತೆಗೆಯಬೇಕು ಎಂಬುದಕ್ಕೆ ಇದೇ ಅಳತೆಗೋಲು. 100 ಜಿಬಿಯ ಗೇಮ್ 100 ಎಂಬಿಪಿಎಸ್ ಲೈನಿನಲ್ಲಿ ಸುಮಾರು ಎರಡೂಕಾಲು ಗಂಟೆಯಲ್ಲಿ ಇಳಿಯುತ್ತದೆ, ಅದೂ ಪೂರ್ತಿ ವೇಗ ಸಿಕ್ಕರೆ. 30 ಎಂಬಿಪಿಎಸ್‌ನಲ್ಲಿ ಏಳೂವರೆ ಗಂಟೆ. ಹಿಂಜವಡಿ, ಕೊಥರೂಡ್ ಕಡೆಯ ಪಿಜಿಗಳಲ್ಲಿ ಹತ್ತು ಜನ ಒಂದೇ ವೈಫೈ ಹಂಚಿಕೊಂಡಿದ್ದರೆ ಎರಡು ರಾತ್ರಿ ಎಂದಿಟ್ಟುಕೊಳ್ಳಿ. ದಿನಕ್ಕೆ 2 ಜಿಬಿಯ ಮೊಬೈಲ್ ಪ್ಯಾಕ್ ನಂಬಿದವರಿಗೆ ಐವತ್ತು ದಿನ. ಅಂಥವರು ಅಳಿಸಲೇಬೇಡಿ, ಬೇರೆ ಡಿಸ್ಕಿಗೆ ಸಾಗಿಸಿ.

ಹೊತ್ತೂ ನೋಡಿಕೊಳ್ಳಿ. ಪುಣೆಯಲ್ಲಿ ದುರಸ್ತಿಗೆ ಕರೆಂಟ್ ತೆಗೆಯುವುದು ಸಾಮಾನ್ಯವಾಗಿ ಗುರುವಾರ, ಹಾಗಾಗಿ ದೊಡ್ಡ ಡೌನ್‌ಲೋಡ್ ಆಗಲಿ, ಡಿಸ್ಕಿನಿಂದ ಡಿಸ್ಕಿಗೆ ಸಾಗಿಸುವುದಾಗಲಿ ಆ ಬೆಳಿಗ್ಗೆ ಬೇಡ. ಗೋವಾದಲ್ಲಿ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಯುಪಿಎಸ್ ಇಲ್ಲದ ಪಿಸಿಗೆ ಈ ಎಚ್ಚರ ವಾರದ ಏಳೂ ದಿನ ಬೇಕು. ಮೇ ರಜೆಗೆ ಲ್ಯಾಪ್‌ಟಾಪ್ ಕಟ್ಟಿಕೊಂಡು ಊರಿಗೆ ಹೊರಡುವವರು, ಅಲ್ಲಿ ನೆಟ್ ಹೇಗಿದೆ ಎಂದು ಗೊತ್ತಾಗುವವರೆಗೆ ಯಾವ ಗೇಮನ್ನೂ ಮುಟ್ಟದಿರುವುದು ಲೇಸು.

ತೆಗೆಯಲು ಮೊದಲ ಸಾಲಿನಲ್ಲಿ ನಿಲ್ಲುವುವು ಆನ್‌ಲೈನ್ ಗೇಮ್‌ಗಳು. ಅವುಗಳ ರ‍್ಯಾಂಕ್, ಸ್ಕಿನ್ ಎಲ್ಲ ಕಂಪನಿಯ ಸರ್ವರಿನಲ್ಲಿವೆ. ಐಡಿ, ಪಾಸ್‌ವರ್ಡ್ ನೆನಪಿದ್ದರೆ ಸಾಕು. ಗೆಸ್ಟ್ ಆಗಿ ಆಡಿದ್ದರೆ ಮೊದಲು ಖಾತೆಗೆ ಜೋಡಿಸಿ. ಆಮೇಲೆ ಕಥೆ ಮುಗಿಸಿದ ಗೇಮ್‌ಗಳು. ಅರ್ಧಕ್ಕೆ ನಿಂತ ಒಬ್ಬರ ಆಟದ ಗೇಮ್‌ಗಳನ್ನು ಕೊನೆಗೆ ಮುಟ್ಟಿ.

ಪಿಸಿಯಲ್ಲಿ ಸೇವ್ ಹುಡುಕುವುದು

ಗೇಮ್ ಕೊಂಡು ಇಳಿಸಿಕೊಳ್ಳುವ ಆ್ಯಪ್ ಆದ ಸ್ಟೀಮ್‌ನ ಲೈಬ್ರರಿಯಲ್ಲಿ ಗೇಮ್ ಆರಿಸಿದಾಗ ಪ್ಲೇ ಬಟನ್ ಪಕ್ಕದಲ್ಲಿ ಕ್ಲೌಡ್ ಸ್ಟೇಟಸ್ ಕಾಣುತ್ತದೆ. ಅಲ್ಲಿ ‘ಅಪ್ ಟು ಡೇಟ್’ ಎಂದಿದ್ದರೆ ಸೇವ್ ಮೇಲಕ್ಕೆ, ಅಂದರೆ ಕಂಪನಿಯ ಸರ್ವರಿಗೆ, ಹೋಗಿದೆ. ಮೋಡದ ಗುರುತೇ ಕಾಣದಿದ್ದರೆ ಆ ಗೇಮಿಗೆ ಕ್ಲೌಡ್ ಸೌಲಭ್ಯ ಇಲ್ಲ ಎಂದೇ ಹಿಡಿಯಿರಿ, ಏಕೆಂದರೆ ಎಲ್ಲ ಗೇಮಿಗೂ ಅದು ಇರುವುದಿಲ್ಲ. ಆಟ ಮುಗಿದ ಮರುಕ್ಷಣ ಲ್ಯಾಪ್‌ಟಾಪ್ ಮುಚ್ಚುವ ಚಟ ಇದ್ದವರ ಕೊನೆಯ ಸೇವ್ ಮೇಲೆ ಹೋಗಿರುವುದೇ ಅನುಮಾನ. ಸ್ಟೀಮ್ ತೆರೆದು ಒಂದೆರಡು ನಿಮಿಷ ಬಿಡಿ.

ಕ್ಲೌಡ್ ಇಲ್ಲದ ಗೇಮಿನ ಸೇವ್ ಕೈಯಾರೆ ನಕಲು ಮಾಡಬೇಕು. ಹುಡುಕುವ ಜಾಗಗಳು ಹೆಚ್ಚಾಗಿ ಇವು: ಡಾಕ್ಯುಮೆಂಟ್ಸ್ ಒಳಗಿನ ‘ಮೈ ಗೇಮ್ಸ್’, ನಿಮ್ಮ ಯೂಸರ್ ಫೋಲ್ಡರಿನ ‘ಸೇವ್ಡ್ ಗೇಮ್ಸ್’, ಅದೇ ಯೂಸರ್ ಫೋಲ್ಡರಿನ ‘ಆ್ಯಪ್‌ಡೇಟಾ’ ಒಳಗಿರುವ ಲೋಕಲ್, ಲೋಕಲ್‌ಲೋ, ರೋಮಿಂಗ್ ಎಂಬ ಮೂರು ಕೋಣೆಗಳು, ಸ್ಟೀಮ್ ಫೋಲ್ಡರಿನ ‘ಯೂಸರ್‌ಡೇಟಾ’. ಆ್ಯಪ್‌ಡೇಟಾ ಮರೆಯಲ್ಲಿರುತ್ತದೆ. ವಿಂಡೋಸ್ 11ರ ಫೈಲ್ ಎಕ್ಸ್‌ಪ್ಲೋರರಿನಲ್ಲಿ ವ್ಯೂ, ಶೋ, ಹಿಡನ್ ಐಟಮ್ಸ್ ಒತ್ತಿದರೆ ಮಸುಕಾಗಿ ಕಾಣಿಸುತ್ತದೆ. ಗೇಮಿನ ಹೆಸರಲ್ಲೇ ಫೋಲ್ಡರ್ ಇರಬೇಕೆಂದಿಲ್ಲ. ಗೇಮ್ ಮಾಡಿದ ಕಂಪನಿಯ ಹೆಸರಲ್ಲೂ ಇರುತ್ತದೆ. ಖಚಿತ ಮಾಡಿಕೊಳ್ಳಲು ಗೇಮ್ ತೆರೆದು ಒಮ್ಮೆ ಸೇವ್ ಮಾಡಿ, ಯಾವ ಫೋಲ್ಡರಿನ ಫೈಲಿನ ಸಮಯ ಈಗಿನದ್ದಾಯಿತು ನೋಡಿ. ಅದನ್ನಿಡೀ ಪೆನ್‌ಡ್ರೈವಿಗೆ ಹಾಕಿ. ಹೆಚ್ಚಿನ ಸೇವ್‌ಗಳು ಕೆಲವು ಎಂಬಿ ಅಷ್ಟೇ.

ಕೆಲವು ಹಳೆಯ ಗೇಮ್‌ಗಳು ಸೇವನ್ನು ತಮ್ಮ ಫೋಲ್ಡರಿನೊಳಗೇ ಇಟ್ಟುಕೊಳ್ಳುತ್ತವೆ. ಗೆಳೆಯನ ಪೆನ್‌ಡ್ರೈವಿನಿಂದ ಬಂದ ‘ಸೆಟಪ್’ ಗೇಮಿಗಂತೂ ಕ್ಲೌಡ್ ಎಂಬ ಮಾತೇ ಇಲ್ಲ.

ತೆಗೆಯುವ ಕ್ರಮ

ಮೊದಲು ಯಾವುದು ಎಷ್ಟು ತಿಂದಿದೆ ನೋಡಿ. ಸ್ಟೀಮ್ ಮೆನುವಿನಿಂದ ಸೆಟ್ಟಿಂಗ್ಸ್, ಅಲ್ಲಿಂದ ಸ್ಟೋರೇಜ್. ಪ್ರತಿ ಡ್ರೈವಿನ ಗೇಮ್‌ಗಳು ಗಾತ್ರದೊಂದಿಗೆ ಸಾಲಾಗಿ ನಿಲ್ಲುತ್ತವೆ. ಬೇಡದವಕ್ಕೆ ಟಿಕ್ ಹಾಕಿ ಕೆಳಗಿನ ಅನ್‌ಇನ್‌ಸ್ಟಾಲ್ ಒತ್ತಿದರೆ ನಾಲ್ಕೈದು ಗೇಮ್ ಒಟ್ಟಿಗೆ ಹೋಗುತ್ತವೆ. ಒಂದೇ ಆದರೆ ಲೈಬ್ರರಿಯಲ್ಲಿ ರೈಟ್ ಕ್ಲಿಕ್, ಮ್ಯಾನೇಜ್, ಅನ್‌ಇನ್‌ಸ್ಟಾಲ್. ಗೇಮ್ ನಿಮ್ಮ ಖಾತೆಯಿಂದ ಹೋಗುವುದಿಲ್ಲ, ಹೆಸರು ಮಸುಕಾಗಿ ಲೈಬ್ರರಿಯಲ್ಲೇ ಉಳಿಯುತ್ತದೆ. ದುಡ್ಡು ಹೋಯಿತೆಂದು ಗಾಬರಿ ಬೇಡ. ಅದೇ ಮೆನುವಿನಲ್ಲಿ ಖಾತೆಯಿಂದಲೇ ತೆಗೆಯುವ ಇನ್ನೊಂದು ಆಯ್ಕೆ ಇದೆ, ಅತ್ತ ಬೆರಳು ಹೋಗದಿರಲಿ.

ಒಂದು ಕೆಲಸ ಮಾತ್ರ ಬೇಡ: ಸ್ಟೀಮನ್ನೇ ಅನ್‌ಇನ್‌ಸ್ಟಾಲ್ ಮಾಡುವುದು. ಅದರ ಫೋಲ್ಡರಿನೊಳಗಿನ ‘ಸ್ಟೀಮ್‌ಆ್ಯಪ್ಸ್’ ಕೂಡ ಜೊತೆಗೇ ಹೋಗುತ್ತದೆ, ಎಂದರೆ ಅಲ್ಲಿರುವ ಗೇಮೆಲ್ಲ ಖಾಲಿ. ಸ್ಟೀಮ್ ಕೆಟ್ಟು ಮತ್ತೆ ಹಾಕಬೇಕಾಗಿ ಬಂದರೆ ಆ ಫೋಲ್ಡರನ್ನು ಮೊದಲು ಹೊರಗೆ ಸರಿಸಿ.

ಎಪಿಕ್‌ನಲ್ಲಿ ಲೈಬ್ರರಿ, ಗೇಮಿನ ಮೂರು ಚುಕ್ಕೆ, ಅನ್‌ಇನ್‌ಸ್ಟಾಲ್. ಇಎ ಆ್ಯಪ್‌ನಲ್ಲೂ ಹಾಗೆಯೇ. ಬ್ಯಾಟಲ್‌ನೆಟ್‌ನಲ್ಲಿ ಪ್ಲೇ ಪಕ್ಕದ ಗಿಯರ್ ಚಿಹ್ನೆ. ಎಕ್ಸ್‌ಬಾಕ್ಸ್ ಆ್ಯಪಿನಿಂದ ಹಾಕಿದ ಗೇಮನ್ನು ಅದೇ ಆ್ಯಪಿನಿಂದಲೋ ವಿಂಡೋಸ್ ಸೆಟ್ಟಿಂಗ್ಸಿನಿಂದಲೋ ತೆಗೆಯಿರಿ. ‘ವಿಂಡೋಸ್‌ಆ್ಯಪ್ಸ್’ ಫೋಲ್ಡರಿಗೆ ಬಲವಂತವಾಗಿ ಅನುಮತಿ ಪಡೆದು ಒಳನುಗ್ಗಿದರೆ ಬೇರೆ ಆ್ಯಪ್‌ಗಳೂ ಹಾಳಾಗುತ್ತವೆ. ವ್ಯಾಲೊರಂಟ್ ತೆಗೆದವರು ಇನ್ನೊಂದು ಹೆಜ್ಜೆ ಇಡಬೇಕು: ‘ರಯಟ್ ವ್ಯಾನ್‌ಗಾರ್ಡ್’ ಎಂಬ ಆ್ಯಂಟಿ-ಚೀಟ್ (ಆಟದಲ್ಲಿ ಮೋಸ ತಡೆಯುವುದು) ಬೇರೆಯೇ ಪ್ರೋಗ್ರಾಮ್, ಅದನ್ನೂ ಪಟ್ಟಿಯಲ್ಲಿ ಹುಡುಕಿ ತೆಗೆಯದಿದ್ದರೆ ಗೇಮ್ ಇಲ್ಲದಿದ್ದರೂ ಪಿಸಿ ಶುರುವಾದಾಗಲೆಲ್ಲ ಎದ್ದು ಕೂರುತ್ತದೆ.

ಲಾಂಚರ್ (ಸ್ಟೀಮ್, ಎಪಿಕ್‌ನಂಥ ಗೇಮ್ ತೆರೆಯುವ ಆ್ಯಪ್) ಇಲ್ಲದ ಗೇಮ್‌ಗಳಿಗೆ ವಿಂಡೋಸ್ 11ರ ಸೆಟ್ಟಿಂಗ್ಸ್, ಆ್ಯಪ್ಸ್, ಇನ್‌ಸ್ಟಾಲ್ಡ್ ಆ್ಯಪ್ಸ್. ವಿಂಡೋಸ್ 10ರಲ್ಲಿ ಇದರ ಹೆಸರು ಆ್ಯಪ್ಸ್ ಅಂಡ್ ಫೀಚರ್ಸ್. ಗಾತ್ರದ ಪ್ರಕಾರ ಜೋಡಿಸಿ. ಹೆಸರು ಗೊತ್ತಿಲ್ಲದ್ದನ್ನು ಮುಟ್ಟಬೇಡಿ. ವಿಷುವಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಎಂದು ಏಳೆಂಟು ಸಾಲು ಕಾಣುತ್ತವಲ್ಲ, ಅವು ಕಸವಲ್ಲ. ಬೇರೆ ಪ್ರೋಗ್ರಾಮ್‌ಗಳೂ ಅವುಗಳ ಮೇಲೆಯೇ ನಿಂತಿರುತ್ತವೆ. ಎಲ್ಲ ಸೇರಿ ಉಳಿಸುವುದು ಕೆಲವು ನೂರು ಎಂಬಿ, ಮುರಿಯುವುದು ಅಪ್ಪನ ಬಿಲ್ಲಿಂಗ್ ಸಾಫ್ಟ್‌ವೇರ್.

ಅನ್‌ಇನ್‌ಸ್ಟಾಲ್ ಹಟ ಹಿಡಿದರೆ ಗೇಮೋ ಅದರ ಆ್ಯಂಟಿ-ಚೀಟೋ ಹಿಂದೆ ಓಡುತ್ತಿರುತ್ತದೆ. ಗಡಿಯಾರದ ಪಕ್ಕದ ಸಣ್ಣ ಐಕಾನ್‌ಗಳಿಂದ ಲಾಂಚರುಗಳನ್ನು ಎಕ್ಸಿಟ್ ಮಾಡಿ, ಟಾಸ್ಕ್ ಮ್ಯಾನೇಜರಿನಲ್ಲಿ ಗೇಮಿನ ಹೆಸರು ಕಂಡರೆ ಎಂಡ್ ಟಾಸ್ಕ್. ಆಗಲೂ ಆಗದಿದ್ದರೆ ರೀಸ್ಟಾರ್ಟ್ ಮಾಡಿ ಬೇರೇನೂ ತೆರೆಯದೆ ಮೊದಲು ಇದನ್ನೇ ಮಾಡಿ. ಬೇಸರವಾಗಿ ಫೋಲ್ಡರನ್ನೇ ಡಿಲೀಟ್ ಮಾಡಿದವರಿಗೆ ಪಟ್ಟಿಯಲ್ಲಿ ಹೆಸರು ಮಾತ್ರ ಉಳಿದು, ತೆಗೆಯಲು ಹೋದರೆ ಫೈಲ್ ಸಿಗುತ್ತಿಲ್ಲ ಎಂಬ ಸಂದೇಶ ಬರುತ್ತದೆ. ಅದಕ್ಕೆ ಮೈಕ್ರೋಸಾಫ್ಟ್‌ನದೇ ಇನ್‌ಸ್ಟಾಲ್-ಅನ್‌ಇನ್‌ಸ್ಟಾಲ್ ಟ್ರಬಲ್‌ಶೂಟರ್ ಉಚಿತವಾಗಿ ಸಿಗುತ್ತದೆ.

ತೆಗೆದ ಮೇಲೂ ಉಳಿಯುವ ಕಸ

150 ತೆಗೆದೆ, 110 ಮಾತ್ರ ಬಂತು ಎನ್ನುವವರು ಐದು ಕಡೆ ನೋಡಿ. ರಿಸೈಕಲ್ ಬಿನ್: ಕೈಯಾರೆ ಅಳಿಸಿದ್ದು ಅಲ್ಲಿ ಕೂತಿರುತ್ತದೆ, ಖಾಲಿ ಮಾಡುವವರೆಗೆ ಜಾಗ ಬಿಡುವುದಿಲ್ಲ. ಡೌನ್‌ಲೋಡ್ಸ್: ಗೇಮಿನ ಮೂಲ ಜಿಪ್, ಐಎಸ್‌ಒ ಫೈಲು. ಸ್ಟೀಮ್‌ಆ್ಯಪ್ಸ್ ಒಳಗಿನ ‘ಕಾಮನ್’ ಮತ್ತು ‘ವರ್ಕ್‌ಶಾಪ್’: ನೀವೇ ಸೇರಿಸಿದ ಮಾಡ್‌ಗಳನ್ನು (ಗೇಮನ್ನು ಬದಲಿಸುವ ಹೊರಗಿನ ಫೈಲುಗಳನ್ನು) ಸ್ಟೀಮ್ ತನ್ನದೆಂದು ಪರಿಗಣಿಸದೆ ಬಿಟ್ಟುಹೋಗಬಹುದು. ವಿಡಿಯೋಸ್ ಒಳಗಿನ ‘ಕ್ಯಾಪ್ಚರ್ಸ್’: ಆಡಿದ್ದನ್ನೆಲ್ಲ ರೆಕಾರ್ಡ್ ಮಾಡಿದವರಿಗೆ ಇಲ್ಲೇ ಹತ್ತಾರು ಜಿಬಿ ಸಿಗುತ್ತದೆ.

ಐದನೆಯದು ಪಿಸಿಯಲ್ಲಿ ಫೋನಿನ ಗೇಮ್ ಆಡಿಸುವ ಆಂಡ್ರಾಯ್ಡ್ ಎಮ್ಯುಲೇಟರ್. ಬ್ಲೂಸ್ಟ್ಯಾಕ್ಸ್‌ನಂಥವು ಇಡೀ ಫೋನಿನ ಮೆಮೊರಿಯನ್ನು ಒಂದು ದೊಡ್ಡ ಫೈಲಾಗಿ ಇಟ್ಟಿರುತ್ತವೆ. ಒಳಗೆ ಗೇಮ್ ಹಾಕಿದಂತೆ ಆ ಫೈಲ್ ಉಬ್ಬುತ್ತದೆ, ಗೇಮ್ ತೆಗೆದರೆ ತಾನಾಗಿ ಇಳಿಯುವುದಿಲ್ಲ. ಎಮ್ಯುಲೇಟರಿನ ಸೆಟ್ಟಿಂಗ್ಸಿನಲ್ಲಿ ಡಿಸ್ಕ್ ಸ್ವಚ್ಛಗೊಳಿಸುವ ಆಯ್ಕೆ ಇದ್ದರೆ ಅದನ್ನು ಓಡಿಸಿ, ಇಲ್ಲವಾದರೆ ಎಮ್ಯುಲೇಟರನ್ನೇ ತೆಗೆದು ಹೊಸದಾಗಿ ಹಾಕಿ.

ಇನ್ನೂ ಲೆಕ್ಕ ಕೂಡದಿದ್ದರೆ ವಿಜ್‌ಟ್ರೀ ಅಥವಾ ವಿನ್‌ಡಿರ್‌ಸ್ಟ್ಯಾಟ್ ಎಂಬ ಪ್ರೋಗ್ರಾಮ್ ಓಡಿಸಿ. ಇಡೀ ಡ್ರೈವು ಬಣ್ಣದ ಚೌಕಗಳಾಗಿ ಕಾಣುತ್ತದೆ, ದೊಡ್ಡ ಚೌಕ ಎಂದರೆ ದೊಡ್ಡ ಫೈಲು. ‘ವಿಂಡೋಸ್’ ಎಂಬ ಫೋಲ್ಡರಿನ ಚೌಕ ಎಷ್ಟೇ ದೊಡ್ಡದಿರಲಿ, ಕೈ ಹಾಕಬೇಡಿ.

ಎಷ್ಟು ಖಾಲಿ ಬೇಕು? ಎಸ್‌ಎಸ್‌ಡಿಯಲ್ಲಿ ಹತ್ತರಿಂದ ಹದಿನೈದು ಶೇಕಡಾ, ಅಂದರೆ 476ರಲ್ಲಿ 50ರಿಂದ 70 ಜಿಬಿ. ಬರೆಯಲು ಖಾಲಿ ಬ್ಲಾಕ್ ಸಿಗದಾಗ ಎಸ್‌ಎಸ್‌ಡಿ ನಿಧಾನವಾಗುತ್ತದೆ, ಅಪ್‌ಡೇಟ್‌ಗಳಿಗೂ ತಾತ್ಕಾಲಿಕ ಜಾಗ ಬೇಕು.

ಅಳಿಸುವ ಬದಲು ಸಾಗಿಸುವುದು

ಮುಂಬೈಯಲ್ಲಿ ಗ್ರಾಂಟ್ ರೋಡ್ ಸ್ಟೇಷನ್ನಿನ ಬಳಿಯ ಲ್ಯಾಮಿಂಗ್ಟನ್ ರೋಡಿನಲ್ಲಿ ಹೊರಗಿನ ಡ್ರೈವ್ ಕೊಳ್ಳುವವರು ಮೊದಲು ಎಸ್‌ಎಸ್‌ಡಿಯೋ ಹಾರ್ಡ್ ಡಿಸ್ಕೋ ಎಂದು ಕೇಳಿ. ಬರೀ ಇಟ್ಟುಕೊಳ್ಳಲು ಹಾರ್ಡ್ ಡಿಸ್ಕ್ ಸಾಕು. ಅದರಿಂದಲೇ ಆಡಿದರೆ ಲೋಡಿಂಗ್ ಪರದೆ ನೋಡುತ್ತ ಚಹಾ ಕುಡಿದು ಬರಬಹುದು. ಬಿಲ್ಲಿಲ್ಲದೆ ಅಗ್ಗಕ್ಕೆ ಕೊಡುವ ಡ್ರೈವ್ ಬೇಡ, ಕೆಟ್ಟರೆ ವಾರಂಟಿ ಕೇಳಲು ಆಧಾರವೇ ಇರುವುದಿಲ್ಲ. ಸ್ಟೀಮ್‌ನ ಅದೇ ಸ್ಟೋರೇಜ್ ಪುಟದಲ್ಲಿ ಹೊಸ ಡ್ರೈವ್ ಸೇರಿಸಿ, ಗೇಮ್ ಟಿಕ್ ಮಾಡಿ ಮೂವ್ ಒತ್ತಿ. ನಡುವೆ ಕರೆಂಟ್ ಹೋದರೆ ಗೇಮಿನ ಪ್ರಾಪರ್ಟೀಸ್, ಇನ್‌ಸ್ಟಾಲ್ಡ್ ಫೈಲ್ಸ್‌ಗೆ ಹೋಗಿ ವೆರಿಫೈ ಮಾಡಿದರೆ ಕೆಟ್ಟ ತುಣುಕುಗಳನ್ನಷ್ಟೇ ಮತ್ತೆ ಇಳಿಸಿಕೊಳ್ಳುತ್ತದೆ.

ಕನ್ಸೋಲ್‌ಗಳು

ಮೊದಲ ಪಿಎಸ್5ರ ಪೆಟ್ಟಿಗೆಯ ಮೇಲೆ 825 ಜಿಬಿ, ಕೈಗೆ ಸಿಗುವುದು 667. ಸೆಟ್ಟಿಂಗ್ಸ್, ಸ್ಟೋರೇಜ್, ಕನ್ಸೋಲ್ ಸ್ಟೋರೇಜ್, ಗೇಮ್ಸ್ ಅಂಡ್ ಆ್ಯಪ್ಸ್. ಟಿಕ್ ಹಾಕಿ ಡಿಲೀಟ್ ಮಾಡಿ. ಸೇವ್ ಬೇರೆ ಸಾಲಿನಲ್ಲಿರುತ್ತದೆ, ಗೇಮ್ ತೆಗೆದರೆ ಅದು ಹೋಗುವುದಿಲ್ಲ. ಜಾಗದ ಆಸೆಗೆ ‘ಸೇವ್ಡ್ ಡೇಟಾ’ಕ್ಕೂ ಕೈ ಹಾಕುವವರೇ ಕೆಡುವುದು. ಪಿಎಸ್4 ಗೇಮಿನ ಸೇವನ್ನು ಯುಎಸ್‌ಬಿಗೆ ನಕಲಿಸಬಹುದು, ಪಿಎಸ್5 ಗೇಮಿನದನ್ನು ಆಗುವುದಿಲ್ಲ. ಅದಕ್ಕೆ ಪಿಎಸ್ ಪ್ಲಸ್ ಚಂದಾದಾರರ ಕ್ಲೌಡ್ ಇದೆ. ಡಿಸ್ಕ್ ಗೇಮ್ ಎಂದರೆ ಜಾಗ ತಿನ್ನುವುದಿಲ್ಲ ಎಂಬ ನಂಬಿಕೆಯೂ ತಪ್ಪು. ಡಿಸ್ಕಿನಿಂದ ಡೇಟಾ ಒಳಗೆ ಇಳಿಯುತ್ತದೆ, ಆಮೇಲೆ ಡಿಸ್ಕ್ ಬರೀ ಕೀಲಿಕೈ.

ಯುಎಸ್‌ಬಿ ಡ್ರೈವಿನಿಂದ ಪಿಎಸ್4 ಗೇಮ್ ಆಡಬಹುದು. ಪಿಎಸ್5 ಗೇಮನ್ನು ಅಲ್ಲಿ ಇಡಬಹುದು ಅಷ್ಟೆ, ಆಡಲು ಒಳಗೆ ತರಬೇಕು. ಹಾಗಿದ್ದರೂ ಮತ್ತೆ ಡೌನ್‌ಲೋಡ್ ಮಾಡುವುದಕ್ಕಿಂತ ಇದು ಎಷ್ಟೋ ಬೇಗ.

ಪಿಎಸ್4 ಇರುವವರ ದೂರು ಒಂದೇ: 10 ಜಿಬಿ ಅಪ್‌ಡೇಟಿಗೆ 90 ಜಿಬಿ ಖಾಲಿ ಕೇಳುತ್ತದೆ. ಅದು ಗೇಮಿನ ನಕಲು ಮಾಡಿಕೊಂಡು ಅದರ ಮೇಲೆ ಅಪ್‌ಡೇಟ್ ಕೂರಿಸುತ್ತದೆ, ಆಮೇಲೆ ಹಳೆಯದನ್ನು ಬಿಸಾಡುತ್ತದೆ. ಜಾಗ ಸಾಲದಿದ್ದರೆ ಅದೇ ಗೇಮನ್ನು ಅಳಿಸಿ ಹೊಸದಾಗಿ ಇಳಿಸಿಕೊಳ್ಳುವುದು ಒಂದು ಉಪಾಯ.

ಎಕ್ಸ್‌ಬಾಕ್ಸ್ ಸೀರೀಸ್ ಎಸ್‌ನ 512ರಲ್ಲಿ ಸಿಗುವುದು 364 ಜಿಬಿ. ಗೇಮಿನ ಮೇಲೆ ನಿಂತು ಮೆನು ಬಟನ್ ಒತ್ತಿ, ಮ್ಯಾನೇಜ್‌ಗೆ ಹೋಗಿ, ಅನ್‌ಇನ್‌ಸ್ಟಾಲ್. ಸೇವ್ ತಾನಾಗಿ ಕ್ಲೌಡಿಗೆ ಹೋಗುತ್ತದೆ, ಅದಕ್ಕೆ ದುಡ್ಡಿಲ್ಲ. ಆದರೆ ಸೇವ್ಡ್ ಡೇಟಾದೊಳಗೆ ಎರಡು ಆಯ್ಕೆ ಬರುತ್ತವೆ: ‘ಡಿಲೀಟ್ ಫ್ರಮ್ ಕನ್ಸೋಲ್’ ಒತ್ತಿದರೆ ಈ ಪೆಟ್ಟಿಗೆಯಿಂದ ಮಾತ್ರ ಹೋಗುತ್ತದೆ, ‘ಡಿಲೀಟ್ ಎವ್ರಿವೇರ್’ ಒತ್ತಿದರೆ ಕ್ಲೌಡಿನಿಂದಲೂ ಹೋಗುತ್ತದೆ, ಮತ್ತೆ ಸಿಗುವುದಿಲ್ಲ.

ಸ್ವಿಚ್‌ನಲ್ಲಿ ಮೂಲ ಮಾದರಿಗೆ 32 ಜಿಬಿ, ಒಲೆಡ್‌ಗೆ 64, ಸ್ವಿಚ್ 2ಕ್ಕೆ 256. ಇಲ್ಲಿ ಡಿಲೀಟ್ ಜೊತೆಗೆ ‘ಆರ್ಕೈವ್’ ಎಂಬುದಿದೆ: ಡೇಟಾ ಹೋಗುತ್ತದೆ, ಐಕಾನ್ ಉಳಿಯುತ್ತದೆ, ಒತ್ತಿದರೆ ಮತ್ತೆ ಇಳಿಯುತ್ತದೆ. ಎರಡರಲ್ಲೂ ಸೇವ್ ಹಾಗೆಯೇ ಇರುತ್ತದೆ. ಸೇವ್ ಇರುವುದು ಯಂತ್ರದೊಳಗೇ, ಮೈಕ್ರೋಎಸ್‌ಡಿ ಕಾರ್ಡಿನಲ್ಲಲ್ಲ. ಹಾಗಾಗಿ ಕಾರ್ಡ್ ಕೆಟ್ಟರೆ ಗೇಮ್ ಹೋಗುತ್ತದೆ, ಸೇವ್ ಹೋಗುವುದಿಲ್ಲ. ಹಳೆಯ ಸ್ವಿಚ್ ಮಾರುವವರು ಕಾರ್ಡ್ ಇಟ್ಟುಕೊಂಡು ಯಂತ್ರ ಕೊಟ್ಟರೆ ಸೇವ್ ಕೊಂಡವರ ಮನೆ ಸೇರುತ್ತದೆ.

ಪ್ಲೇಸ್ಟೇಷನ್‌ನಲ್ಲಿ ಅಳಿಸಿದ ಮೇಲೂ ಖಾಲಿ ಜಾಗದ ಅಂಕಿ ತಪ್ಪಾಗಿ ಕಂಡರೆ ಪೂರ್ತಿ ಆಫ್ ಮಾಡಿ, ಪವರ್ ಬಟನ್ ಒತ್ತಿ ಹಿಡಿಯಿರಿ. ಮೊದಲ ಬೀಪ್ ಕೂಡಲೇ, ಎರಡನೆಯದು ಸುಮಾರು ಏಳು ಸೆಕೆಂಡಿಗೆ, ಆಗ ಬಿಡಿ. ಕಂಟ್ರೋಲರನ್ನು ಕೇಬಲ್‌ನಿಂದ ಜೋಡಿಸಿ, ತೆರೆಯುವ ‘ಸೇಫ್ ಮೋಡ್’ ಪಟ್ಟಿಯ ಐದನೆಯ ಆಯ್ಕೆಯಲ್ಲಿ ರೀಬಿಲ್ಡ್ ಡೇಟಾಬೇಸ್ ಆರಿಸಿ. ಅದರ ಕೆಳಗಿನ ಎರಡು ಆಯ್ಕೆಗಳು ಇಡೀ ಕನ್ಸೋಲನ್ನೇ ಒರೆಸಿ ಹಾಕುತ್ತವೆ, ಬಟನ್ ಒತ್ತುವ ಮುನ್ನ ಸಾಲನ್ನು ಇನ್ನೊಮ್ಮೆ ಓದಿ.