ಫಾರಂ 7ರ ಫೈಲು ಅಲ್ಲಾಡದಿದ್ದಾಗ: ನ್ಯಾಯಾಂಗ ನಿಂದನೆ ಅರ್ಜಿ ಹಾಕಿದ ನನ್ನ ಅನುಭವ

1974ರ ಮಾರ್ಚ್ 1ಕ್ಕೆ ಗೇಣಿ ಜಮೀನುಗಳು ಸರ್ಕಾರಕ್ಕೆ ಸೇರಿದವು. ಆಗ ಫಾರಂ 7, ಅಂದರೆ ತಾವು ಉಳುವ ಗೇಣಿ ಜಮೀನಿನ ಹಕ್ಕು ತಮಗೆ ಕೊಡಿ ಎಂಬ ಅರ್ಜಿ, ಕೊಟ್ಟವರ ಮೊಮ್ಮಕ್ಕಳು ಈಗಲೂ ನನ್ನ ಆಫೀಸಿಗೆ ಬರುತ್ತಾರೆ. ಕಥೆ ಹೆಚ್ಚುಕಮ್ಮಿ ಒಂದೇ. ಈ ಅರ್ಜಿಗಳನ್ನು ತೀರ್ಮಾನಿಸುವ ಭೂ ನ್ಯಾಯಮಂಡಳಿಯ ಆದೇಶವನ್ನು ಹೈಕೋರ್ಟ್ ರದ್ದು ಮಾಡಿರುತ್ತದೆ, ಹೊಸದಾಗಿ ವಿಚಾರಣೆ ಮಾಡಿ ಆರು ತಿಂಗಳಲ್ಲಿ ಮುಗಿಸಿ ಎಂದು ವಾಪಸ್ ಕಳಿಸಿರುತ್ತದೆ. ಆಮೇಲೆ ಫೈಲು ಕೂತಲ್ಲೇ ಕೂತಿರುತ್ತದೆ.

ಮಲೆನಾಡಿನ ಒಂದು ಅಡಿಕೆ ತೋಟದ ಕೇಸು ಹೀಗೇ ಬಂತು. ಮನೆಯ ಹಿರಿಯರಿಗೆ ಸಿಟ್ಟು ಜಾಸ್ತಿ. "ಎಸಿ ಸಾಹೇಬರನ್ನ ಜೈಲಿಗೆ ಹಾಕಿಸಿ ವಕೀಲರೇ" ಎಂದರು. ಮಂಡಳಿಗೆ ಅಧ್ಯಕ್ಷರು ಎಸಿ, ಅಂದರೆ ಅಸಿಸ್ಟೆಂಟ್ ಕಮಿಷನರ್, ತಾನೇ. ನಾನು ಕೇಳಿದ್ದು ಒಂದೇ: ಹೈಕೋರ್ಟ್ ಆದೇಶದ ನಕಲು ಮಂಡಳಿಗೆ ಕೊಟ್ಟಿದ್ದಕ್ಕೆ ಸೀಲು ಎಲ್ಲಿದೆ?

ಇರಲಿಲ್ಲ. "ಕೋರ್ಟಿನಿಂದಲೇ ಹೋಗಿರುತ್ತೆ ಅಲ್ವಾ?" ಎಂದರು. ಆದೇಶದಲ್ಲಿ "ನಕಲು ತಲುಪಿದ ದಿನದಿಂದ ಆರು ತಿಂಗಳು" ಎಂದಿತ್ತು. ತಲುಪಿದ್ದಕ್ಕೆ ದಾಖಲೆಯೇ ಇಲ್ಲದಿದ್ದರೆ ಗಡುವು ಶುರುವಾಯಿತು ಎಂದು ತೋರಿಸುವುದು ಹೇಗೆ? ದೃಢೀಕೃತ ನಕಲಿಗೆ ಪತ್ರ ಲಗತ್ತಿಸಿ ಮಂಡಳಿಯ ಟಪಾಲು ವಿಭಾಗದಲ್ಲಿ ಕೊಟ್ಟು, ನಮ್ಮ ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಂಡೆವು. ಆರು ತಿಂಗಳು ಕಾದೆವು. ಅಷ್ಟರಲ್ಲಿ ಎಸಿ ವರ್ಗವಾಗಿ ಬೇರೆಯವರು ಬಂದಿದ್ದರು. ನ್ಯಾಯಾಂಗ ನಿಂದನೆಯ, ಅಂದರೆ ಇಲ್ಲಿ ಕೋರ್ಟಿನ ಆದೇಶ ಬೇಕೆಂದೇ ಪಾಲಿಸದಿದ್ದುದರ, ಹೊಣೆ ಹುದ್ದೆಗಲ್ಲ, ಗೊತ್ತಿದ್ದೂ ಮಾಡದ ಮನುಷ್ಯನಿಗೆ. ಹಾಗಾಗಿ ಹೊಸಬರಿಗೂ ನಕಲು ಕೊಟ್ಟೆವು.

ಇಷ್ಟಾದರೂ "ಬೇಕೆಂದೇ ಸುಮ್ಮನೆ ಕೂತಿದ್ದಾರೆ" ಎಂದು ತೋರಿಸಬೇಕು. ಇಂಥ ಕೇಸುಗಳಲ್ಲಿ ಸಾಮಾನ್ಯವಾಗಿ ಬರುವ ಉತ್ತರ, ಸದಸ್ಯರ ನೇಮಕ ಆಗಿಲ್ಲ ಎಂಬುದು. ಅದು ನಿಜವಾಗಿದ್ದರೆ ಎಸಿ ಒಬ್ಬರೇ ಏನು ಮಾಡಿಯಾರು? ಆರ್‌ಟಿಐ ಹಾಕಿ ಮಂಡಳಿ ಕೂತ ದಿನಗಳ ನಡಾವಳಿ ತರಿಸಿದೆ. ಮಂಡಳಿ ಕೂತಿತ್ತು, ಬೇರೆ ಫೈಲುಗಳನ್ನು ಮುಗಿಸಿಯೂ ಇತ್ತು. ನಮ್ಮದು ಮಾತ್ರ ಪಟ್ಟಿಯಲ್ಲೇ ಇರಲಿಲ್ಲ. ಹೆಚ್ಚು ಸಮಯ ಕೊಡಿ ಎಂದು ಹೈಕೋರ್ಟನ್ನೂ ಕೇಳಿರಲಿಲ್ಲ. ನನ್ನ ಅರ್ಜಿಯ ಜೀವ ಈ ನಡಾವಳಿಯೇ. ಉಳಿದದ್ದು ನಾಲ್ಕು ಪುಟ.

1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಕಲಂ ಮಾತ್ರ ಮರೆಯಬಾರದು. ತಪ್ಪು ನಡೆದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಬೀಳಬೇಕು. ನಡುವೆ ಎಷ್ಟೇ ಮನವಿ ಪತ್ರ ಬರೆದರೂ ಆ ವರ್ಷ ಹಿಗ್ಗುವುದಿಲ್ಲ. ಸುಮ್ನೆ ಪತ್ರ ಬರೆಯುತ್ತಾ ವರ್ಷ ಕಳೆದುಕೊಂಡವರನ್ನು ಬೇಕಾದಷ್ಟು ನೋಡಿದ್ದೇನೆ.

ಅರ್ಜಿ ಹಾಕಿ, ಹೈಕೋರ್ಟಿನಿಂದ ಎಸಿಗೆ ನೋಟಿಸ್ ಹೋದ ಮೇಲೆ ಕೆಲಸ ಓಡಿತು. ಸ್ಥಳ ತನಿಖೆ, ಸಾಕ್ಷಿ, ಆದೇಶ ಎಲ್ಲಾ ಆಯಿತು. ಬೇಷರತ್ ಕ್ಷಮೆ ಕೇಳಿದ ಅಫಿಡವಿಟ್ ಬಂತು. ಕಾಯ್ದೆಯಲ್ಲಿ ಆರು ತಿಂಗಳ ಸಾದಾ ಸಜೆ, 2,000 ರೂಪಾಯಿ ದಂಡದವರೆಗೆ ಅವಕಾಶವಿದೆ ನಿಜ. ಆದರೆ ಇಂಥದ್ದರಲ್ಲಿ ಮಾತು ಅಲ್ಲಿವರೆಗೆ ಹೋಗುವುದು ಅಪರೂಪ. ನನಗೂ ಬೇಕಾಗಿದ್ದು ಆದೇಶ, ಜೈಲಲ್ಲ.

ಮಂಡಳಿಯ ಆದೇಶದಲ್ಲಿ ಅರ್ಧ ಜಮೀನಿಗಷ್ಟೇ ಅಧಿಭೋಗದ ಹಕ್ಕು (ಫಾರಂ 7ರಲ್ಲಿ ಕೇಳಿದ್ದ ಹಕ್ಕು) ಸಿಕ್ಕಿತ್ತು. ಹಿರಿಯರು ಮತ್ತೆ ಕೆರಳಿದರು, ನಿಂದನೆ ಅರ್ಜಿಯನ್ನೇ ಮುಂದುವರಿಸಿ ಎಂದರು. ಅದು ಆಗದು. ಕೋರ್ಟ್ ಹೇಳಿದಂತೆ ಅಧಿಕಾರಿ ಹೊರಡಿಸಿದ ಆದೇಶ ಸರಿಯೋ ತಪ್ಪೋ ಎಂದು ನಿಂದನೆಯಲ್ಲಿ ನೋಡುವಂತಿಲ್ಲ ಎಂದು ಜೆ.ಎಸ್. ಪರಿಹಾರ್ ಕೇಸಿನಲ್ಲಿ ಸುಪ್ರೀಂ ಕೋರ್ಟ್ 1996ರಲ್ಲೇ ಹೇಳಿದೆ. ಉಳಿದರ್ಧಕ್ಕೆ ಬೇರೆ ರಿಟ್ ಅರ್ಜಿ ಹಾಕಿದೆವು.